ಹಂಪವ್ವನ ಕೈ ಹಿಡಿದ ಚಿಲಕ

ಮಾರ್ಚ್ ಹನ್ನೊಂದನೇ ತಾರೀಖು, ಮಂಗಳವಾರ, ಬೆಳಿಗ್ಗೆ ಒಂಬತ್ತು ಗಂಟೆ ಹದಿನೇಳು ನಿಮಿಷಕ್ಕೆ ನೀಲಗಾರ ಓಣಿಯ ಹಂಪವ್ವ ತನ್ನ ಮನೆಯ ಕರೆಬಾಗಿಲಿನ ಚಿಲಕದ ಮೇಲೆ ಬಲಗೈ ಇಟ್ಟು “ಬಾನಿ ಕೋಣೆ” ಎಂದು ಕರೆದಳು. ಕೋಣೆ ಬರಲಿಲ್ಲ. ಚಿಲಕ ಕೈಯನ್ನೂ ಬಿಡಲಿಲ್ಲ.

ವೇಳೆ ಇಷ್ಟು ಖಚಿತವಾಗಿ ಗೊತ್ತಿರುವುದು ನಾನು ಪಟ್ಟಿ ಕಚೇರಿಯವಳು ಎಂಬ ಕಾರಣಕ್ಕೆ. ನಮ್ಮ ಊರಿನ ಪ್ರತಿ ಮನೆಯ ಪಡಸಾಲೆಯ ಕೊನೆಗೆ ಒಂದು ಕರೆಬಾಗಿಲು ಇದೆ. ಅದರ ಹಿಂದಿರುವುದು ಬರೀ ಗೋಡೆ. ಚಿಲಕ ಹಿಡಿದು ಪಟ್ಟಿಯಲ್ಲಿರುವ ಒಂದು ಹೆಸರು ಹೇಳಿದರೆ, ಎಲ್ಲೋ ದೂರದಲ್ಲಿರುವ ಆ ಕೋಣೆ ಬಂದು ಬಾಗಿಲಿಗೆ ಕೂಡಿಕೊಳ್ಳುತ್ತದೆ: ಹಿಟ್ಟಿನ ಗಿರಣಿ, ದವಾಖಾನೆ, ಶಾಲೆಯ ಪ್ರಯೋಗಶಾಲೆ, ಹೀಗೆ. ಕೆಲಸ ಮುಗಿಸಿ ಹೊರಬಂದ ಮೇಲೆ ಐದು ನಿಮಿಷ ಕೋಣೆ ಖಾಲಿ ಇದ್ದರೆ ತಾನಾಗಿಯೇ ಕಳಚಿಕೊಂಡು ಹೋಗುತ್ತದೆ. ಒಳಗೆ ಒಂದು ಜೀವ ಇದ್ದರೂ ಹೋಗುವುದಿಲ್ಲ. ಇದನ್ನೆಲ್ಲ ನಡೆಸುವುದು ಕಚೇರಿಯ ಕಂಪ್ಯೂಟರಿನಲ್ಲಿರುವ ಒಂದು ಚಿಕ್ಕ ಪ್ರೋಗ್ರಾಂ. ನಾನು ಓದಿದ ವಿಜ್ಞಾನ ಕಾಲೇಜಿನಲ್ಲಿಯೂ ಅದೇ ಪ್ರೋಗ್ರಾಂ ಇತ್ತು. ಅಲ್ಲಿನ ಯುನಿಕ್ಸ್ ಕಂಪ್ಯೂಟರುಗಳಲ್ಲಿ ಅದು ಬೇರೆ ಕಂಪ್ಯೂಟರಿನ ಡಿಸ್ಕಿನಲ್ಲಿದ್ದ ಫೈಲುಗಳನ್ನು ಕೇಳಿದ ಕೂಡಲೇ ತಂದು ಜೋಡಿಸುತ್ತಿತ್ತು, ಯಾರೂ ಬಳಸದಿದ್ದರೆ ಕಳಚಿ ಇಡುತ್ತಿತ್ತು. ಇಲ್ಲಿ ಕೋಣೆಗಳನ್ನು ಜೋಡಿಸುತ್ತದೆ. ಕೆಲಸಕ್ಕೆ ಸೇರಿದ ಮೊದಲ ವಾರ ನನಗೆ ಸೋಜಿಗವಾಗಿತ್ತು. ಎರಡನೆಯ ವಾರ ನಾನು ಗಿರಣಿಯ ಸಾಲನ್ನು ಅಳಿಸಿಬಿಟ್ಟು ಅರ್ಧ ಊರು ರೊಟ್ಟಿಯಿಲ್ಲದೆ ಕೂತಾಗ ಸೋಜಿಗ ಹೋಗಿ ಭಯ ಬಂತು. ಆ ಭಯದಿಂದಲೇ ಹನ್ನೊಂದು ವರ್ಷ ಕೆಲಸ ಮಾಡಿದ್ದೇನೆ.

ಪಟ್ಟಿಯ ಪ್ರತಿ ಸಾಲಿನಲ್ಲಿ ಕೋಣೆಯ ಹೆಸರಿರುತ್ತದೆ, ಅದು ಯಾವ ಮನೆಯದು ಎಂದಿರುತ್ತದೆ, ಕೊನೆಗೆ ‘ಬಿಡು’ ಅಥವಾ ‘ಹಿಡಿ’ ಎಂಬ ಒಂದು ಮಾತಿರುತ್ತದೆ. ಕರೆ ಬಂದ ಮನೆಯವರು ತಮ್ಮ ಕರೆಬಾಗಿಲಿನ ಚಿಲಕ ಎತ್ತಿ ಓಗೊಡಬೇಕು. ‘ಬಿಡು’ ಎಂದಿದ್ದ ಸಾಲಿನಲ್ಲಿ ಒಂದು ನಿಮಿಷ ಯಾರೂ ಓಗೊಡದಿದ್ದರೆ ಕರೆ ಬಿದ್ದುಹೋಗುತ್ತದೆ. ಕರೆದವರು ಗೊಣಗಿಕೊಂಡು ಮತ್ತೆ ಕರೆಯಬೇಕು. ‘ಹಿಡಿ’ ಎಂದಿದ್ದರೆ ಓಗೊಡುವ ತನಕ ಬಾಗಿಲು ಕರೆಯುತ್ತಲೇ ಇರುತ್ತದೆ, ಕರೆದವರ ಕೈ ಚಿಲಕಕ್ಕೆ ಅಂಟಿಕೊಂಡೇ ಇರುತ್ತದೆ. ಸಾಮಾನ್ಯವಾಗಿ ಅದು ಎರಡು ಮೂರು ಸೆಕೆಂಡಿನ ಮಾತು. ಯಾರೂ ಗಮನಿಸುವುದೂ ಇಲ್ಲ.

ನಾನು ಹತ್ತು ಗಂಟೆಗೆ ಹಂಪವ್ವನ ಮನೆಗೆ ಹೋದಾಗ ಅವಳು ಗೋಡೆಗೆ ಸೊಂಟ ಆನಿಸಿ ನಿಂತಿದ್ದಳು. ಐವತ್ತೆಂಟು ವರ್ಷದ ಹೆಂಗಸು. ನೂಲಿಗೆ ನೀಲಿ ಬಣ್ಣ ಹಾಕುವ ನೀಲಗಾರಳು, ಮೊಣಕೈವರೆಗೆ ಎಂದೂ ಮಾಸದ ನೀಲಿ. ಸೊಸೆ ರುದ್ರವ್ವ ಪಕ್ಕದಲ್ಲಿ ಎತ್ತರದ ಸ್ಟೂಲು ತಂದಿಡುತ್ತಿದ್ದಳು.

“ಬಂದೇನ ತಂಗಿ? ಬಾ. ನಿನಗ ಕೈ ಮುಗೀಬೇಕಂದ್ರ ಒಂದ ಕೈ ಖಾಲಿ ಐತಿ,” ಎಂದಳು ಹಂಪವ್ವ.

“ಎಷ್ಟೊತ್ತಾತು ಹಂಪಕ್ಕಾ?”

“ಅದನ್ನ ನೀ ಹೇಳಬೇಕು. ಗಡಿಯಾರ ನೋಡಿ ಬರಕೊಳ್ಳಾಕಿ ನೀನಲ್ಲ? ‘ಹಿಡಿ’ ಅಂತ ಬರದಾಕೀನೂ ನೀನ.”

“ಬರೀ ಅಂತ ಮೂರು ದಿನ ಕಚೇರಿ ಮೆಟ್ಟಲ ಮ್ಯಾಲ ಕುಂತಾಕಿ ನೀವು.”

“ಹೌದವ್ವಾ, ಕುಂತಿದ್ನಿ. ನಲವತ್ತು ಲಡಿ ನೂಲು ಅರ್ಧ ನೀಲಿ ಅರ್ಧ ಬಿಳಿ ಆದ್ರ ಯಾರಾದ್ರೂ ಕುಂದರತಾರ. ಈಗ ನೋಡು, ಹಿಡದೈತಿ. ಭೇಷ್ ಹಿಡದೈತಿ.”

ಇಬ್ಬರದೂ ನಿಜ. ಎಂಟು ವರ್ಷದ ಹಿಂದೆ ಬಾನಿ ಕೋಣೆಯ ಸಾಲು ‘ಬಿಡು’ ಎಂದೇ ಇತ್ತು. ಹಂಪವ್ವ ಹೊಸ್ತಿಲ ಈಚೆ ನಿಂತು ನೂಲನ್ನು ಬಾನಿಯ ನೀಲಿ ಬಣ್ಣದಲ್ಲಿ ಅದ್ದಿದ್ದಾಗ ಬಾಗಿಲಿಗೂ ಕೋಣೆಗೂ ನಡುವಿನ ಕೊಂಡಿ ತಡವರಿಸಿ, ಆ ಕಡೆಯ ಓಗೊಡಿಕೆ ಒಂದು ನಿಮಿಷ ಮುಟ್ಟಲಿಲ್ಲ. ಬಾಗಿಲು ಸೋತು ಕೋಣೆಯನ್ನು ಬಿಟ್ಟುಕೊಟ್ಟಿತು. ನೂಲಿನ ಅರ್ಧ ಭಾಗ ಇತ್ತ, ಅರ್ಧ ಅತ್ತ. ಅವಳ ಕೋಪ ನ್ಯಾಯವಾಗಿತ್ತು. ಎಲ್ಲ ಯೋಚಿಸಿಯೇ ‘ಹಿಡಿ’ ಎಂದು ಬದಲಾಯಿಸಿದೆ. ಆಮೇಲೆ ಎಂಟು ವರ್ಷ ಒಂದು ಎಳೆ ನೂಲೂ ಕೆಟ್ಟಿರಲಿಲ್ಲ.

ನಾನು ಮೊದಲು ಮಾಡಿದ ಕೆಲಸವೆಂದರೆ ಬಾನಿ ಕೋಣೆಯನ್ನು ಬೇರೆ ಯಾರೂ ಕರೆಯದಂತೆ ಓಣಿ ಓಣಿಯಲ್ಲಿ ಡಂಗುರ ಸಾರಿಸಿದ್ದು. ಪರೀಕ್ಷೆಗೆಂದು ಒಬ್ಬರು ಕರೆದಿದ್ದರೂ ಎರಡನೆಯ ಕೈ ಸಿಕ್ಕಿಬೀಳುತ್ತಿತ್ತು. ಬಳಿಕ ಕಚೇರಿಗೆ ಹೋಗಿ ಆ ಸಾಲನ್ನು ‘ಬಿಡು’ ಎಂದು ತಿದ್ದಿದೆ. ತಿದ್ದಿದ್ದು ಮುಂದಿನ ಕರೆಗೆ ಅನ್ವಯಿಸುತ್ತದೆ, ಆಗಲೇ ಹೊರಟ ಕರೆಗೆ ಅಲ್ಲ. ಪ್ರೋಗ್ರಾಮನ್ನು ನಿಲ್ಲಿಸಿ ಮತ್ತೆ ಶುರು ಮಾಡಿದೆ. ಅದು ಎದ್ದು, ಬಾಕಿ ಉಳಿದಿದ್ದ ಕರೆಯನ್ನು ನಿಷ್ಠೆಯಿಂದ ಎತ್ತಿಕೊಂಡು ಮುಂದುವರಿಸಿತು. ಮಧ್ಯಾಹ್ನ ಬಡಿಗೇರರು ಬಂದು ಚಿಲಕ ಬಿಚ್ಚಲು ನೋಡಿದರು. ಎರಡು ಉಳಿ ಮುರಿದವು.

“ನನ್ನ ಕೈ ಬಿಟ್ಟು ಏನ್ ಬೇಕಾದ್ದು ಮುರೀರಿ,” ಎಂದಳು ಹಂಪವ್ವ.

ಬುಧವಾರ ಬೆಳಿಗ್ಗೆ ಡಾಕ್ಟರ್ ಹಸೀನಾ ಬಂದು ಕೈ ನೋಡಿದರು. ಬೆರಳ ತುದಿಯಿಂದ ಬಿಳಿಚು ಏರುತ್ತಿತ್ತು. ನೀಲಿಯ ಕೆಳಗೂ ಅದು ಕಾಣುತ್ತಿತ್ತು. ಸೂಜಿ ಚುಚ್ಚಿದರೂ ಹಂಪವ್ವನಿಗೆ ತಿಳಿಯುತ್ತಿರಲಿಲ್ಲ. ಬಿಳಿಚಿನ ಅಂಚಿಗೆ ಡಾಕ್ಟರು ಶಾಯಿಯಿಂದ ಗೆರೆ ಎಳೆದು ಮೂರು ತಾಸು ಕೂತರು. ಆಮೇಲೆ ನನ್ನನ್ನು ಅಂಗಳಕ್ಕೆ ಕರೆದು, ಶುಕ್ರವಾರ ರಾತ್ರಿಯೊಳಗೆ ಅದು ಮಣಿಕಟ್ಟು ದಾಟುತ್ತದೆ, ಆಮೇಲೆ ಎಲ್ಲಿಯವರೆಗೆ ಎಂದು ಹೇಳಲಾರೆ ಎಂದರು.

ಸಂಜೆ ಊರಿನ ಹಿರಿಯ ಶಾಂತವೀರಪ್ಪನವರು ಹಂಪವ್ವನ ಪಡಸಾಲೆಯಲ್ಲೇ ಪಂಚಾಯಿತಿ ಕೂಡಿಸಿದರು. ಅವಳ ಬೆನ್ನ ಹಿಂದೆ ಅವಳ ವಿಷಯ ಮಾತಾಡುವುದು ಬೇಡ ಎಂಬುದು ಅವರ ಹಟ. ಅದಕ್ಕಾಗಿ ನಾನು ಅವರನ್ನು ಗೌರವಿಸುತ್ತೇನೆ.

“ಹಂಪವ್ವಾ, ಮುಂಗೈ ಹೋದ್ರ ತೋಳು ಉಳೀತೈತಿ. ಜೀವಾನೂ ಉಳೀತೈತಿ. ಶುಕ್ರವಾರ ಸಂಜಿ ಐದಕ್ಕ ಡಾಕ್ಟರು ತಯಾರಾಗಿ ಬರತಾರ,” ಎಂದರು.

“ನೀಲಗಾರಳ ಬಲಗೈ ತಗದು ಜೀವ ಉಳಿಸಿದ್ರ, ಆ ಜೀವಕ್ಕ ಏನ್ ಕೆಲಸ ಹಚ್ಚಲಿ ಹಿರೇರ?”

ನಾನು ಎದ್ದು ನಿಂತು, “ಬಾನಿ ಕೋಣೆ ಇದ್ದಲ್ಲಿಗೆ ನಾನು ಹೋಗ್ತೀನಿ. ಓಗೊಡಬೇಕಾದವರು ಯಾಕ ಓಗೊಡವಲ್ಲರು, ನೋಡ್ತೀನಿ,” ಎಂದೆ.

“ಎಲ್ಲಿಗೆ ಹೋಗ್ತಿ?” ಎಂದು ಕೇಳಿದರು ಶಾಂತವೀರಪ್ಪ. ಅವರ ಪ್ರಶ್ನೆಯಲ್ಲಿ ಕುಹಕವಿರಲಿಲ್ಲ. ಬಾನಿ ಕೋಣೆ ಎಲ್ಲಿದೆ ಎಂದು ಊರಿನಲ್ಲಿ ಯಾರಿಗೂ ಗೊತ್ತಿರಲಿಲ್ಲ. ಕರೆದರೆ ಬರುವ ಕೋಣೆಯನ್ನು ಹುಡುಕಿಕೊಂಡು ಯಾರು ಹೋಗುತ್ತಾರೆ? ಪಟ್ಟಿಯಲ್ಲಿ ‘ಭರಮಪ್ಪನ ಮನೆ’ ಎಂದಷ್ಟೇ ಇತ್ತು. ಆ ಕಡೆಯಿಂದ ನಮಗೂ, ನಮ್ಮಿಂದ ಆ ಕಡೆಗೂ ಇದ್ದದ್ದು ಎರಡೇ ಸಾಲು: ಭರಮಪ್ಪನ ಬಾನಿ ಕೋಣೆ ಹಂಪವ್ವನಿಗೆ, ಹಂಪವ್ವನ ನೂಲಿನ ಕೋಣೆ ಭರಮಪ್ಪನಿಗೆ. ಬೇರೆ ಬಾಗಿಲಿನಿಂದ ಅಲ್ಲಿಗೆ ನುಸುಳೋಣವೆಂದರೆ ಅಲ್ಲಿಯ ಇನ್ನೊಂದು ಮನೆಯ ಹೆಸರೂ ನಮಗೆ ತಿಳಿಯದು.

ಆದರೆ ಪ್ರೋಗ್ರಾಂ ಒಂದು ಒಳ್ಳೆಯ ಕೆಲಸ ಮಾಡುತ್ತದೆ. ಪ್ರತಿ ಕರೆಗೂ ಓಗೊಡಲು ಎಷ್ಟು ಹೊತ್ತಾಯಿತು ಎಂದು ಬರೆದಿಡುತ್ತದೆ. ಅದರಲ್ಲಿ ಮನುಷ್ಯರು ಚಿಲಕ ಎತ್ತಲು ಮಾಡಿದ ತಡ ಬೇರೆ, ಕರೆ ಹೋಗಿ ಬರಲು ಹಿಡಿದ ಹೊತ್ತು ಬೇರೆ. ನಾನು ಎರಡನೆಯದನ್ನು ತೆಗೆದುಕೊಂಡೆ. ಗಿರಣಿ ನಮ್ಮಿಂದ ನಾಲ್ಕು ಕಿಲೋಮೀಟರ್ ದೂರ, ಅದಕ್ಕೆ ಅರ್ಧ ಸೆಕೆಂಡ್. ದವಾಖಾನೆ ಆರು ಕಿಲೋಮೀಟರ್, ಮುಕ್ಕಾಲು ಸೆಕೆಂಡ್. ಅಂದರೆ ಸೆಕೆಂಡಿಗೆ ಎಂಟು ಕಿಲೋಮೀಟರ್. ಹಬ್ಬಕ್ಕೆ ಮುಂಚೆ ಬೇರೆ ಬೇರೆ ಓಣಿಯವರೂ ಹಂಪವ್ವನ ಕಡೆಯವರೆಂದು ಹೇಳಿ ಬಾನಿ ಕೋಣೆಯನ್ನು ಕರೆದಿದ್ದರು. ಊರಿನ ಮೂಡಣ ತುದಿಯ ಮನೆಯಿಂದ ಮೂರು ಸೆಕೆಂಡ್ ಹತ್ತು ಶತಾಂಶ. ಪಡುವಣ ತುದಿಯಿಂದ ಮೂರು ಸೆಕೆಂಡ್ ನಲವತ್ತೈದು ಶತಾಂಶ. ವ್ಯತ್ಯಾಸವನ್ನು ಎಂಟರಿಂದ ಗುಣಿಸಿದರೆ ಎರಡು ಕಿಲೋಮೀಟರ್ ಎಂಟುನೂರು ಮೀಟರ್. ನಮ್ಮ ಊರಿನ ಅಗಲ ಸರಿಯಾಗಿ ಅಷ್ಟೇ. ಹಾಗಾದರೆ ಕೋಣೆ ಇರುವುದು ನೇರ ಮೂಡಣಕ್ಕೆ, ಕೊನೆಯ ಮನೆಯಿಂದ ಇಪ್ಪತ್ತನಾಲ್ಕು ಕಿಲೋಮೀಟರ್ ಎಂಟುನೂರು ಮೀಟರ್. ಮೂರು ಸಲ ಲೆಕ್ಕ ಮಾಡಿದೆ. ಮೂರು ಸಲವೂ ಅದೇ ಬಂತು.

ಗುರುವಾರ ಬೆಳಿಗ್ಗೆ ಐದೂವರೆಗೆ ರೊಟ್ಟಿ, ನೀರು, ದಿಕ್ಸೂಚಿ ಕಟ್ಟಿಕೊಂಡು ಹೊರಟೆ. ಹೊರಡುವ ಮೊದಲು ಹಂಪವ್ವನನ್ನು ನೋಡಿದೆ. ಅವಳನ್ನು ಹಳೆಯ ಸೀರೆಯಿಂದ ಕಂಬಕ್ಕೆ ಸಡಿಲವಾಗಿ ಕಟ್ಟಿದ್ದರು, ನಿದ್ದೆಯಲ್ಲಿ ಬೀಳದಿರಲಿ ಎಂದು.

“ನಡಕೊಂಡು ಹೋಗ್ತೀಯಾ? ನಿನ್ನ ಕಾಲು ನೋಡಿದ್ರ ಊರ ಅಗಸಿ ಮುಟ್ಟೂದು ಸುಳ್ಳು,” ಎಂದಳು. ಆಮೇಲೆ ದನಿ ತಗ್ಗಿಸಿ, “ಭರಮಣ್ಣ ಓಗೊಡದೆ ಇರಾಂವಲ್ಲ. ಮೂವತ್ತು ವರ್ಷದಾಗ ಒಮ್ಮೆನೂ ಇಲ್ಲ. ಅವಗ ಏನಾರ ಆಗಿದ್ರ ನನಗ ಹಸನಾಗಿ ಬಂದು ಹೇಳು,” ಎಂದಳು.

ಮೂಡಣಕ್ಕೆ ದಾರಿ ಇರಲಿಲ್ಲ. ಕುರುಚಲು, ಕಲ್ಲು, ಮತ್ತೆ ಕುರುಚಲು. ದಿಕ್ಸೂಚಿ ನೋಡುತ್ತ, ಹೆಜ್ಜೆ ಎಣಿಸುತ್ತ ನಡೆದೆ. ಹದಿನೈದನೆಯ ಕಿಲೋಮೀಟರಿಗೆ ಎಡ ಹಿಮ್ಮಡಿ ಒಡೆಯಿತು. ಚಪ್ಪಲಿಗೆ ರೊಟ್ಟಿಯ ಬಟ್ಟೆ ಸುತ್ತಿಕೊಂಡೆ. ಲೆಕ್ಕ ತಪ್ಪಾಗಿದ್ದರೆ ಎಂಬ ಯೋಚನೆ ಹಲವು ಸಲ ಬಂತು. ಬಂದಾಗಲೆಲ್ಲ ಅಂಕಿಗಳನ್ನು ಬಾಯಲ್ಲಿ ಹೇಳಿಕೊಂಡೆ. ಹಿಂದಿರುಗಲು ಒಂದು ಕಾರಣವೂ ಆ ಅಂಕಿಗಳಲ್ಲಿ ಇರಲಿಲ್ಲ. ಮಧ್ಯಾಹ್ನ ಎರಡು ಗಂಟೆಗೆ ಹತ್ತು ನಿಮಿಷ ಇರುವಾಗ ಗಾಳಿಯಲ್ಲಿ ನೀಲಿ ಬಾನಿಯ ಹುಳಿ ನಾತ ಬಂತು. ಹನ್ನೆರಡು ಮನೆಗಳ ಒಂದು ಹಳ್ಳಿ ಕಾಣಿಸಿತು.

ಮೊದಲ ಅಂಗಳದಲ್ಲಿ ಪಾತ್ರೆ ತಿಕ್ಕುತ್ತಿದ್ದ ಹೆಂಗಸು ನನ್ನನ್ನು ನೋಡಿ ಎದ್ದಳು. “ಯಾವ ಬಾಗಿಲಿಂದ ಬಂದ್ರಿ?”

“ಬಾಗಿಲಿಂದ ಅಲ್ಲ. ನಡಕೊಂಡು ಬಂದೆ. ಭರಮಪ್ಪನ ಮನಿ ಯಾವುದು?”

ಅವಳು ನನ್ನ ಕಾಲು ನೋಡಿದಳು, ಹಿಂದಿನ ಬಯಲು ನೋಡಿದಳು. “ನಾನ ಅವರ ಹೆಂಡ್ತಿ, ಕೆಂಚವ್ವ. ಒಳಗ ಬರ್ರಿ,” ಎಂದಳು.

ಒಳಗೆ ಪಡಸಾಲೆಯ ಕೊನೆಗೆ, ಕರೆಬಾಗಿಲಿನ ಚಿಲಕದ ಮೇಲೆ ಬಲಗೈ ಇಟ್ಟುಕೊಂಡು, ಗೋಡೆಗೆ ಹಣೆ ಒತ್ತಿ ಒಬ್ಬ ಮುದುಕ ನಿಂತಿದ್ದ. ಅವನ ಮುಂಗೈಯೂ ಬಿಳಿಚಿತ್ತು.

“ಯಾವಾಗಿಂದ?” ಎಂದೆ.

“ಮಂಗಳವಾರ ಮುಂಜಾನಿಯಿಂದ,” ಎಂದ ಭರಮಪ್ಪ. “ಬಾನಿ ಹದಕ್ಕ ಬಂದಿತ್ತು. ಒಂಬತ್ತು ದಿನಕ್ಕೊಮ್ಮೆ ಬರತೈತಿ. ಯಾವಾಗಲೂ ಹಂಪವ್ವ ತಾನ ಕರೀತಾಳ. ಈ ಸಲ ನಾನ ಮೊದಲು ನೂಲು ಇಸಕೊಂಡು ಇಡೋಣಂತ ಅಕಿ ನೂಲಿನ ಕೋಣಿ ಕರದೆ. ಓಗೊಡಲಿಲ್ಲ. ಅಕಿ ಅದಾಳೋ, ಹೋದಳೋ?”

ಎಷ್ಟು ಗಂಟೆಗೆ ಎಂದು ಕೇಳಿದೆ. ಒಂಬತ್ತು ದಾಟಿ ಕಾಲು ಗಂಟೆ ಆಗಿತ್ತು ಎಂದಳು ಕೆಂಚವ್ವ.

ಕರೆಯಲಿಕ್ಕೂ ಓಗೊಡಲಿಕ್ಕೂ ಮನೆಗೆ ಇರುವುದು ಒಂದೇ ಬಾಗಿಲು. ಕರೆಯುತ್ತಿರುವ ಬಾಗಿಲಿಗೆ ಬೇರೆ ಕರೆ ಕೇಳಿಸುವುದಿಲ್ಲ. ಅದೇ ಬೆಳಿಗ್ಗೆ, ಅದೇ ಗಳಿಗೆಯಲ್ಲಿ, ಒಬ್ಬರು ಇನ್ನೊಬ್ಬರನ್ನು ಕರೆದಿದ್ದರು. ಅವಳು ಅವನ ಉತ್ತರಕ್ಕೆ ಕಾಯುತ್ತ ನಿಂತಿದ್ದಳು, ಅವನು ಅವಳ ಉತ್ತರಕ್ಕೆ. ಇಬ್ಬರಲ್ಲಿ ಒಬ್ಬರ ಸಾಲು ‘ಬಿಡು’ ಎಂದಿದ್ದರೂ ಒಂದು ನಿಮಿಷಕ್ಕೆ ಆ ಕರೆ ಬಿದ್ದು, ಬಾಗಿಲು ಖಾಲಿಯಾಗಿ, ಮತ್ತೊಬ್ಬರ ಕರೆ ಕೇಳಿಸುತ್ತಿತ್ತು. ಎರಡೂ ‘ಹಿಡಿ’ ಎಂದಿದ್ದವು. ಹಂಪವ್ವ ಕೇಳಿದ್ದು ಒಂದು ಸಾಲನ್ನು ಮಾತ್ರ. ಎರಡನೆಯದನ್ನು ಬದಲಾಯಿಸಲು ಯಾರೂ ಹೇಳಿರಲಿಲ್ಲ. ಎಂಟು ವರ್ಷದ ಹಿಂದೆ ಅದೇ ಸಂಜೆ, ಒಂದರ ಕೆಳಗೊಂದು ಇದ್ದ ಎರಡು ಸಾಲುಗಳಲ್ಲಿ ಒಂದು ಒಂದು ಥರ, ಇನ್ನೊಂದು ಇನ್ನೊಂದು ಥರ ಕಂಡದ್ದು ಸಹಿಸದೆ, ನಾನೇ ಅದನ್ನೂ ತಿದ್ದಿದ್ದೆ. ಅಚ್ಚುಕಟ್ಟಾಗಿರಲಿ ಎಂದು.

“ಹಂಪಕ್ಕ ಅದಾರ,” ಎಂದೆ. “ನಿಮ್ಮಂಗ ಚಿಲಕ ಹಿಡಕೊಂಡು ನಿಂತಾರ. ತಪ್ಪು ಅವರದಲ್ಲ, ನಿಮ್ಮದಲ್ಲ. ನನ್ನದು.” ಮತ್ತು ಎಲ್ಲವನ್ನೂ ಹೇಳಿದೆ.

ಭರಮಪ್ಪ ನಕ್ಕ. ಒಣಗಿದ ತುಟಿಯ ನಗು. “ಕೆಂಚೀ, ಕೇಳಿದೇನ? ಇಬ್ಬರೂ ‘ನೀ ಬಾ, ನೀ ಬಾ’ ಅಂತ ನಿಂತೀವಂತ.”

“ನಗಬ್ಯಾಡ್ರಿ, ನೀರು ಕುಡೀರಿ,” ಎಂದು ಅವಳು ಲೋಟ ಹಿಡಿದಳು.

ದಾರಿ ಒಂದೇ ಇತ್ತು. ಕರೆ ಹೋಗುವುದು ಮನೆಗಲ್ಲ, ಮನೆಯ ಫಲಕಕ್ಕೆ. ಗೃಹಪ್ರವೇಶದ ದಿನ ಯಜಮಾನ ತನ್ನ ಕೈಯಾರೆ ಹೆಸರು ಕೆತ್ತಿ ಕರೆಬಾಗಿಲಿನ ಮೇಲೆ ಹೊಡೆಯುವ ಹಲಗೆ ಅದು; ಬೇರೆಯವರು ಕೆತ್ತಿದರೆ ಬಾಗಿಲು ಒಪ್ಪುವುದಿಲ್ಲ. ಭರಮಪ್ಪನ ಫಲಕವನ್ನು ತೆಗೆದು ಸುಮ್ಮನಿರುವ ಮತ್ತೊಂದು ಬಾಗಿಲಿಗೆ ಹೊಡೆದರೆ, ಹಂಪವ್ವನ ಕರೆ ಆ ಬಾಗಿಲಿಗೆ ಬರುತ್ತದೆ. ಅಲ್ಲಿ ಯಾರಾದರೂ ಚಿಲಕ ಎತ್ತಿದರೆ ಸಾಕು, ಯಾವ ಕೋಣೆಯಾದರೂ ಸರಿ, ಅವಳ ಕೈ ಬಿಡುತ್ತದೆ. ಕಾಲೇಜಿನಲ್ಲಿ ಸತ್ತ ಸರ್ವರಿನ ವಿಳಾಸವನ್ನು ಇನ್ನೊಂದಕ್ಕೆ ಕೊಟ್ಟು ನಿಂತ ಕಂಪ್ಯೂಟರುಗಳನ್ನು ಎಬ್ಬಿಸಿದ್ದನ್ನು ನಾನು ನೋಡಿದ್ದೆ.

ನಾನು ಇದನ್ನು ಹೇಳಿ ಮುಗಿಸುವ ಮೊದಲೇ ಕೆಂಚವ್ವ ಬಾಗಿಲಿಗೂ ನನಗೂ ನಡುವೆ ಬಂದು ನಿಂತಳು.

“ಫಲಕ ಮುಟ್ಟಬ್ಯಾಡ್ರಿ.”

ಅವಳ ಮಾತು ನನಗೆ ಅರ್ಥವಾಯಿತು. ನಮ್ಮಲ್ಲಿಯೂ ಅದೇ. ಫಲಕ ಇಳಿಸುವುದು ಯಜಮಾನ ತೀರಿಕೊಂಡ ದಿನ. ಹೊರಗಿನವರು ನಾಲ್ಕು ಜನ ಬಂದು ಇಳಿಸುತ್ತಾರೆ, ಹೆಂಡತಿ ನೋಡಬಾರದು.

“ಕೆಂಚವ್ವಾರ, ಹಂಪಕ್ಕನ ಕೈ ನಾಳೆ ಸಂಜಿ ಐದಕ್ಕ ಕಡೀತಾರ. ನಿಮ್ಮ ಯಜಮಾನರ ಕೈ ಬಿಡಿಸಾಕೂ ಬ್ಯಾರೆ ದಾರಿ ಇಲ್ಲ.”

“ಇಲ್ಲಿ ನಿಂತ ಮನುಷ್ಯಾ ಉಸಿರಾಡಾಕತ್ತಾನ. ನಿಮ್ಮ ಕೈಯಾಗ ಅವನ ಫಲಕ ನೋಡಿ ನಾ ಹ್ಯಾಂಗ ಇರಲಿ?”

“ಕೆಂಚೀ,” ಎಂದ ಭರಮಪ್ಪ.

“ನೀವು ಸುಮ್ಮನಿರ್ರಿ.”

ನಾನು ಒತ್ತಾಯಿಸಲಿಲ್ಲ, ಹಿಂದಕ್ಕೂ ಸರಿಯಲಿಲ್ಲ. ಅಲ್ಲಿಯೇ ಕೂತೆ. ಕೆಂಚವ್ವ ಗಂಡನ ಮುಂಗೈ ಮುಟ್ಟಿ ನೋಡಿದಳು. ತನ್ನ ಬೆರಳಿನಿಂದ ಬಿಳಿಚಿನ ಅಂಚು ಸವರಿದಳು. ಬಹಳ ಹೊತ್ತಾದ ಮೇಲೆ ಸೆರಗು ಸಿಕ್ಕಿಸಿಕೊಂಡು ಸ್ಟೂಲು ಎಳೆದಳು.

“ಪರರ ಕೈ ಹತ್ತಬಾರದು,” ಎಂದಳು. “ತಗದ್ರ ನಾನ ತಗೀತೀನಿ. ಹೊಳ್ಳಿ ನಾನ ಬಡೀತೀನಿ. ಹೆಂಡ್ತಿ ಇಳಿಸಿದ ಫಲಕಕ್ಕ ಸಾವಿನ ಲೆಕ್ಕ ಎಲ್ಲೂ ಇಲ್ಲ.”

ಪಕ್ಕದ ಮನೆಯ ಸಿದ್ರಾಮನ ಕರೆಬಾಗಿಲು ಖಾಲಿ ಇತ್ತು. ಅವನದೆಂದು ಇದ್ದ ಕೋಣೆ ಮೇಕೆಗಳ ಕೊಟ್ಟಿಗೆ ಮಾತ್ರ. ಕೆಂಚವ್ವ ಅವನ ಫಲಕದ ಮೇಲೆಯೇ ಗಂಡನ ಫಲಕ ಇಟ್ಟು ಗುಂಡುಕಲ್ಲಿನಿಂದ ಎರಡು ಮೊಳೆ ಹೊಡೆದಳು. ಎರಡನೆಯ ಮೊಳೆ ಕೂತ ಕ್ಷಣ ಬಾಗಿಲು ಗಡಗಡ ನಡುಗಿತು. ಎರಡು ದಿನ ಹಿಡಿದಿಟ್ಟ ಕರೆ.

“ಎತ್ತೋ ಸಿದ್ರಾಮಾ!” ಎಂದು ಕೂಗಿದೆ. ಅವನು ಎತ್ತಿದ.

ಕೊಟ್ಟಿಗೆಯ ಆಚೆ ಬದಿಯಲ್ಲಿ ಹಂಪವ್ವನ ಪಡಸಾಲೆ ತೆರೆದುಕೊಂಡಿತು. ಗಡಿಯಾರ ಮೂರು ಗಂಟೆ ನಲವತ್ತೊಂದು ನಿಮಿಷ ತೋರಿಸುತ್ತಿತ್ತು. ಹಂಪವ್ವ ಚಿಲಕದಿಂದ ಕಳಚಿದ ಕೈಯನ್ನು ಮತ್ತೊಂದು ಕೈಯಲ್ಲಿ ಹಿಡಿದುಕೊಂಡು ಮೇಕೆಗಳನ್ನು ನೋಡುತ್ತಿದ್ದಳು.

“ಇದೇನವ್ವಾ! ನೀಲಿ ಕೇಳಿದ್ರ ಮ್ಯಾಕಿ ಕಳಿಸೀಯಲ್ಲ!”

“ಬಾಗಿಲಿಂದ ಹಿಂದ ಸರೀರಿ ಹಂಪಕ್ಕಾ. ಒಳಗ ಯಾರೂ ಬರಬ್ಯಾಡ್ರಿ. ಕೋಣಿ ಖಾಲಿ ಆಗಲಿ, ಹೋಗಲಿ. ಆಮ್ಯಾಲ ನಿಮಗೊಂದು ಕರೆ ಬರತೈತಿ. ಬಂದ ಕೂಡ್ಲೆ ಚಿಲಕ ಎತ್ತರಿ. ಭರಮಣ್ಣ ನಿಂತಾರ.”

ಅವಳ ಮುಖ ಬದಲಾಯಿತು. ಹಿಂದೆ ಸರಿದಳು. ಸಿದ್ರಾಮ ಮೇಕೆಗಳನ್ನು ಅಂಗಳಕ್ಕೆ ಅಟ್ಟಿದ. ಒಂದು ಮಾತ್ರ ಆಚೆ ಹಾರಿ ರುದ್ರವ್ವನ ಹೂಕೋಸಿಗೆ ಬಾಯಿ ಹಾಕಿತ್ತು. ಅದನ್ನು ಅಲ್ಲಿಯೇ ಬಿಟ್ಟೆವು. ಐದು ನಿಮಿಷ. ಅಷ್ಟರೊಳಗೆ ಫಲಕ ತನ್ನ ಜಾಗಕ್ಕೆ ಹೋಗಬೇಕಿತ್ತು, ಇಲ್ಲದಿದ್ದರೆ ಹಂಪವ್ವನ ಉತ್ತರವೂ ಮೇಕೆ ಕೊಟ್ಟಿಗೆಗೆ ಬರುತ್ತಿತ್ತು. ಮೊಳೆ ಕೀಳುವಾಗ ಒಂದು ಮುರಿಯಿತು. ಕೆಂಚವ್ವ ಉಳಿದ ಒಂದೇ ಮೊಳೆಯನ್ನು ಹಲ್ಲಿನಲ್ಲಿ ಕಚ್ಚಿಕೊಂಡು ಓಡಿದಳು. ಸ್ಟೂಲು ಹತ್ತಿ, ಮೂರೇ ಏಟಿಗೆ ಫಲಕ ಕೂರಿಸಿದಳು. ನಾಲ್ಕು ನಿಮಿಷ ಇಪ್ಪತ್ತು ಸೆಕೆಂಡ್ ಆಗಿತ್ತು. ಉಳಿದ ನಲವತ್ತು ಸೆಕೆಂಡನ್ನು ನಾನು ಒಂದೊಂದಾಗಿ ಎಣಿಸಿದೆ.

ಭರಮಪ್ಪನ ಎದುರಿನ ಗೋಡೆ ಸರಿಯಿತು. ನೂಲಿನ ಲಡಿಗಳು ಸಾಲಾಗಿ ತೂಗುತ್ತಿದ್ದ ಕೋಣೆ, ಅದರಾಚೆ ಎಡಗೈಯಿಂದ ಚಿಲಕ ಎತ್ತಿ ಹಿಡಿದ ಹಂಪವ್ವ. ಭರಮಪ್ಪನ ಕೈ ಜಾರಿತು, ಅವನೂ ಜಾರಿ ನೆಲಕ್ಕೆ ಕೂತ. ಕೆಂಚವ್ವ ಆ ಕೈಯನ್ನು ಮಡಿಲಿಗೆ ಎಳೆದುಕೊಂಡು ತಿಕ್ಕತೊಡಗಿದಳು.

“ಭರಮಣ್ಣಾ,” ಎಂದಳು ಹಂಪವ್ವ, “ಬಾನಿ ಕೆಟ್ಟಿತೇನೋ?”

“ನಿನ್ನೇನ ಕೆಟ್ಟಿತು. ನಾತ ಬರೂದಿಲ್ಲೇನು ನಿನಗ?”

“ಬರತೈತಿ. ಹೊಸಾದು ಹಾಕು.”

“ಹಾಕ್ತೀನಿ. ಕೈಗೆ ಜೀವ ಬರಲಿ.”

ನಾನು ಬಂದ ದಾರಿಯಲ್ಲಿ ಮರಳಿ ನಡೆಯಬೇಕಾಗಲಿಲ್ಲ. ಆ ನೂಲುಗಳ ನಡುವೆ ಹಾದು ನಮ್ಮ ಊರಿಗೆ ಬಂದೆ. ಸಂಜೆ ಪಂಚಾಯಿತಿಯ ಮುಂದೆ ಎರಡನೆಯ ಸಾಲಿನ ಕಥೆಯನ್ನು ಒಂದಕ್ಷರ ಬಿಡದೆ ಹೇಳಿದೆ, ಬೇಕಿದ್ದರೆ ಪಟ್ಟಿಯನ್ನು ಬೇರೆಯವರಿಗೆ ಒಪ್ಪಿಸುತ್ತೇನೆ ಎಂದೆ. “ಇಪ್ಪತ್ತೈದು ಕಿಲೋಮೀಟರ್ ನಡದು ತನ್ನ ತಪ್ಪು ಹುಡುಕಾವರು ಬ್ಯಾರೆ ಯಾರದಾರ?” ಎಂದು ಶಾಂತವೀರಪ್ಪ ಎದ್ದುಹೋದರು. ಅದು ಹೊಗಳಿಕೆಯೋ ಶಿಕ್ಷೆಯೋ ನನಗೆ ಈಗಲೂ ತಿಳಿದಿಲ್ಲ.

ಬಾನಿ ಕೋಣೆ ಮತ್ತೆ ‘ಹಿಡಿ’ ಆಯಿತು, ನೂಲಿನ ಕೋಣೆ ‘ಬಿಡು’. ಪಟ್ಟಿಯ ಇನ್ನೂರ ಹನ್ನೆರಡು ಸಾಲುಗಳಲ್ಲಿ ಇಂಥ ಇನ್ನೂ ಏಳು ಜೋಡಿಗಳು ಸಿಕ್ಕವು. ಏಳರಲ್ಲಿಯೂ ಒಂದೊಂದನ್ನು ತಿದ್ದಿದೆ, ಹದಿನಾಲ್ಕು ಮನೆಗಳಿಗೂ ನಡೆದೇ ಹೋಗಿ ಯಾಕೆಂದು ಹೇಳಿ ಬಂದೆ. ಪಟ್ಟಿ ಈಗ ನೋಡಲು ಚೆಂದವಿಲ್ಲ.

ಭರಮಪ್ಪನ ಕೈಗೆ ಎರಡು ವಾರದಲ್ಲಿ ಕಸುವು ಬಂತು. ಹಂಪವ್ವನದು ತಡವಾಯಿತು. ಡಾಕ್ಟರ್ ಹಸೀನಾ ಒಂದು ಸ್ಪ್ರಿಂಗ್ ತಕ್ಕಡಿಗೆ ಹಿಡಿಕೆ ಕಟ್ಟಿ, ಪ್ರತಿ ಗುರುವಾರ ಅವಳು ಅದನ್ನು ಹಿಸುಕುವಂತೆ ಮಾಡಿ ಅಂಕಿ ಬರೆದುಕೊಳ್ಳುತ್ತಿದ್ದರು. ಓಣಿಯ ಬೇರೆ ನೀಲಗಾರರನ್ನು ಅಳೆದು ನೋಡಿದ್ದೆವು: ಒದ್ದೆ ಲಡಿ ಹಿಂಡಲು ಹದಿನಾಲ್ಕು ಕಿಲೋ ಹಿಡಿತ ಬೇಕು. ಮೊದಲ ಗುರುವಾರ ಅವಳ ಬಲಗೈಯಲ್ಲಿ ಮುಳ್ಳು ಕದಲಲಿಲ್ಲ. ಎರಡನೆಯ ವಾರ ಎರಡು ಕಿಲೋ. ನಾಲ್ಕನೆಯ ವಾರ ಎಂಟಕ್ಕೆ ನಿಂತು, ಐದನೆಯ ವಾರವೂ ಎಂಟೇ ಇತ್ತು. ಅಂದು ಅವಳು ತಕ್ಕಡಿಯನ್ನು ಬೈದಳು, ನನ್ನನ್ನು ಬೈದಳು, ಮನೆಗೆ ಹೋಗಿ ದಿನವಿಡೀ ಒಣಬಟ್ಟೆ ಹಿಂಡುತ್ತ ಕೂತಳು ಎಂದು ರುದ್ರವ್ವ ಹೇಳಿದಳು. ಏಪ್ರಿಲ್ ಇಪ್ಪತ್ತನಾಲ್ಕರ ಗುರುವಾರ ಹಿಡಿಕೆ ಹಿಡಿದು, ಕಣ್ಣು ಮುಚ್ಚಿ, ಹಲ್ಲು ಕಚ್ಚಿ ಹಿಸುಕಿದಳು. ಡಾಕ್ಟರು ಓದಿ ಹೇಳಿದ್ದನ್ನು ನಾನು ಬರೆದುಕೊಂಡೆ: ಬಲಗೈ, ಹದಿನಾಲ್ಕು ಕಿಲೋ ಆರುನೂರು ಗ್ರಾಂ.